ಗಯ್ಯಾಳಿ ಅತ್ತೆಯ ರವಿಕೆ

ಅಕ್ಕನ ಶ್ರದ್ಧಾಂಜಲಿ ಸಭೆಗೆ ಬಂದಿರುವ ಹಿರಿಯರಿಗೆ, ನಮ್ಮ ನಾಟಕ ಕಂಪನಿಯ ಕಲಾವಿದರಿಗೆ, ಮುಂದಿನ ಸಾಲಿನಲ್ಲಿ ಕೂತಿರುವ ಅಕ್ಕನ ಮಗನಿಗೆ, ಸೊಸೆಗೆ — ಎಲ್ಲರಿಗೂ ನಮಸ್ಕಾರ.

ಇವತ್ತು ನನಗೆ ಉಪವಾಸ. ಬೆಳಿಗ್ಗೆ ಎದ್ದು ಕಸ ಗುಡಿಸಿ, ನೀರು ತುಂಬಿ, ದೇವರ ಮುಂದೆ ದೀಪ ಹಚ್ಚಿ, ಮನೆಯವರಿಗೆ ಅಡುಗೆ ಮಾಡಿಟ್ಟು ಬಂದಿದ್ದೇನೆ. ಇದನ್ನೆಲ್ಲ ಇಲ್ಲಿ ಯಾಕೆ ಹೇಳುತ್ತೇನೆ ಅಂದರೆ, ಉಪವಾಸದ ದಿನ ನಾನು ಸುಳ್ಳು ಹೇಳುವುದಿಲ್ಲ. ಹಾಗಂತ ಮಿಕ್ಕ ದಿನ ಹೇಳುತ್ತೇನೆ ಅಂತಲ್ಲ — ಮಿಕ್ಕ ದಿನ ಸುಮ್ಮನಿರುತ್ತೇನೆ. ಇವತ್ತು ಸುಮ್ಮನಿರುವುದೂ ಸುಳ್ಳು ಹೇಳಿದ ಹಾಗೇ ಅನ್ನಿಸಿತು. ಅದಕ್ಕೇ ಈ ಮೈಕಿನ ಮುಂದೆ ಬಂದೆ.

ಗೊತ್ತಿಲ್ಲದವರಿಗೆ ಹೇಳುತ್ತೇನೆ, ನಾನು ಕಂಪನಿಯ ಬಟ್ಟೆಬರೆ ನೋಡಿಕೊಳ್ಳುವವಳು. ಹೊಲಿಯುವುದು, ಒಗೆಯುವುದು, ಇಸ್ತ್ರಿ ಮಾಡುವುದು, ಪರದೆ ಹಿಂದೆ ನಿಂತು ಸೆರಗಿಗೆ ಪಿನ್ನು ಚುಚ್ಚುವುದು. ಹಳ್ಳಿ ಶಾಲೆಯಲ್ಲಿ ಎದ್ದು ನಿಂತು ಪದ್ಯ ಒಪ್ಪಿಸಿದ್ದೇ ಕೊನೆ, ಆಮೇಲೆ ಹತ್ತು ಜನರ ಎದುರು ಬಾಯಿ ಬಿಟ್ಟವಳಲ್ಲ. ತಪ್ಪಿದರೆ ಹೊಟ್ಟೆಗೆ ಹಾಕಿಕೊಳ್ಳಿ.

ನನಗಿಂತ ಮುಂಚೆ ಮಾತಾಡಿದವರೆಲ್ಲ ಒಳ್ಳೆಯದನ್ನೇ ಹೇಳಿದರು. ಅಕ್ಕ ತಾಯಿಯಂಥವರು ಅಂದರು. ಯಾರನ್ನೂ ಹಸಿದು ಕಳಿಸಿದವರಲ್ಲ ಅಂದರು. ಸಹನಾಮೂರ್ತಿ ಅಂದರು. ಸಹನೆ — ಅಕ್ಕನಿಗೆ? ಸೆರಗಿನಲ್ಲಿ ಒಂದು ಸುಕ್ಕು ಉಳಿದಿದ್ದರೆ ಸೀರೆಯನ್ನು ನನ್ನ ತಲೆಯ ಮೇಲೇ ಎಸೆದು, "ಇದನ್ನೇನು ಎಮ್ಮೆ ಮೆದ್ದು ಉಗಿಯಿತೇನೇ?" ಅನ್ನುತ್ತಿದ್ದರು. ಹೋಗಲಿ. ಇಷ್ಟು ಜನ ಮಾತಾಡಿದಿರಿ — ಒಬ್ಬರಾದರೂ, ಒಬ್ಬರಾದರೂ ಈಕೆ ನಮ್ಮನ್ನು ನಗಿಸುತ್ತಿದ್ದರು ಅಂದಿರಾ?

ಈ ಫೋಟೋ ನೋಡಿ. ಕಣ್ಣಲ್ಲಿ ನೀರು, ತಲೆಯ ಮೇಲೆ ಸೆರಗು. ಒಂದೇ ಒಂದು ನಾಟಕದಲ್ಲಿ ಒಂದು ಸಣ್ಣ ದೃಶ್ಯದಲ್ಲಿ ಅತ್ತಿದ್ದರು, ಅದನ್ನೇ ಹುಡುಕಿ ತಂದು ಇಟ್ಟಿದ್ದಾರೆ. ಜೀವಮಾನವಿಡೀ ಗಯ್ಯಾಳಿ ಅತ್ತೆಯ ಪಾತ್ರ ಮಾಡಿ ಜನರ ಹೊಟ್ಟೆ ಹುಣ್ಣಾಗಿಸಿದವರು ಅವರು. ಸತ್ತ ಮೇಲಾದರೂ ಅಳುತ್ತಾ ಕೂತಿರಲಿ ಅಂತಲೋ ಏನೋ.

ಆಮೇಲೆ ನಮ್ಮ ಮಾಲೀಕರ ಸಂದೇಶ ಓದಿದರು. ಮಾಲೀಕರಿಗೆ ತಲೆನೋವಂತೆ, ಒಳಗೆ ಆಫೀಸಿನಲ್ಲಿ ಇದ್ದಾರೆ. ಅಕ್ಕನ ನೆನಪಿಗೆ ಬರುವ ಭಾನುವಾರ ಅದೇ ಅತ್ತೆಯ ನಾಟಕ ಆಡುತ್ತಾರಂತೆ. ನಾನು ಕೈ ಮುಗಿದೆ. ಆಮೇಲಿನ ಸಾಲು ನೀವೂ ಕೇಳಿದಿರಿ — ಅತ್ತೆಯ ಪಾತ್ರವನ್ನು ಕಂಪನಿಯ ಹೊಸ ಹಾಸ್ಯನಟ ಮಾಡುತ್ತಾನೆ. ಹೆಣ್ಣಿನ ಹಾಸ್ಯ ಗಂಡಸು ಸೀರೆ ಉಟ್ಟರೇ ಕಳೆ, ನಮ್ಮ ಹಳೆಯ ಸಂಪ್ರದಾಯ ಅದು, ಅಂತ.

ನನಗೆ ಇದು ಇಲ್ಲಿ ಗೊತ್ತಾದದ್ದಲ್ಲ. ಬೆಳಿಗ್ಗೆಯೇ ಮ್ಯಾನೇಜರ್ ಅಕ್ಕನ ರವಿಕೆ ಹಿಡಿದುಕೊಂಡು ನನ್ನ ಹತ್ತಿರ ಬಂದಿದ್ದರು. "ಇದನ್ನ ಸ್ವಲ್ಪ ಅಗಲ ಮಾಡಿಕೊಡಿ, ಹುಡುಗನ ಭುಜಕ್ಕೆ ಬಿಗಿಯಾಗುತ್ತೆ" ಅಂದರು.

ಆ ರವಿಕೆಯ ಕತೆ ನಿಮಗೆ ಗೊತ್ತಿಲ್ಲ. ಹೇಳುತ್ತೇನೆ.

ಅದು ಮೊದಲು ಹೊಲಿದದ್ದೇ ಗಂಡಸಿನ ಅಳತೆಗೆ. ಹಿಂದೆಲ್ಲ ರಂಗದ ಮೇಲೆ ಹೆಂಗಸರೇ ಇರಲಿಲ್ಲ, ರಾಣಿಯೂ ಗಂಡಸೇ, ದಾಸಿಯೂ ಗಂಡಸೇ. ಆಮೇಲೆ ಹೆಂಗಸರು ಬಂದರು. ಯಾತಕ್ಕೆ ಬಂದರು? ಹಾಡುವುದಕ್ಕೆ, ಅಳುವುದಕ್ಕೆ, ನಾಯಕನ ಕಾಲು ಹಿಡಿಯುವುದಕ್ಕೆ. ನಗಿಸುವ ಹೆಣ್ಣು ಪಾತ್ರ ಮಾತ್ರ ಗಂಡಸರ ಕೈಯಲ್ಲೇ ಉಳಿಯಿತು. ನನ್ನ ಪೆಟ್ಟಿಗೆ ತೆರೆದು ನೋಡಿ. ಅಳುವ ಪಾತ್ರದ ರವಿಕೆಗಳೆಲ್ಲ ಹೆಂಗಸರ ಅಳತೆ. ನಗಿಸುವ ರವಿಕೆ ಇದ್ದದ್ದು ಒಂದೇ, ಅದರ ಭುಜ ಇಷ್ಟಗಲ.

ಅದನ್ನು ತೊಡುತ್ತಿದ್ದವರು ನಮ್ಮ ಸೀರೆಯಣ್ಣ. ಇಗೋ, ಆ ಕಂಬದ ಪಕ್ಕ ಕೋಲು ಹಿಡಿದು ಕೂತಿದ್ದಾರೆ. ಏಳಬೇಡಿ ಅಣ್ಣಾ, ಕೂತಿರಿ. ಹೆಣ್ಣು ವೇಷಕ್ಕೆ ಅವರದ್ದು ದೊಡ್ಡ ಹೆಸರು. ಅಕ್ಕ ಆಗ ದಾಸಿಯ ಪಾತ್ರ ಮಾಡಿಕೊಂಡಿದ್ದರು, ತಟ್ಟೆ ತಂದಿಟ್ಟು ಹೋಗುವುದಷ್ಟೇ. ಆದರೆ ದಿನವೂ ಪರದೆಯ ಪಕ್ಕದಲ್ಲಿ ನಿಂತು ಅಣ್ಣನ ನಡಿಗೆ ನೋಡುತ್ತಿದ್ದರು. ಒಂದು ದಿನ ಕೇಳಿಯೇಬಿಟ್ಟರು. "ಅಣ್ಣಾ, ಯಾವ ಹೆಂಗಸೂ ಹೀಗೆ ನಡೆಯಲ್ಲ." ಅಣ್ಣ ಅಂದರು, "ಹೆಂಗಸು ನಡೆಯಲ್ಲಮ್ಮ, ಹಾಸ್ಯ ಹೀಗೆ ನಡೆಯುತ್ತೆ. ಬೇಕಾದ್ರೆ ಕಲಿ." ಅವರೇ ಕಲಿಸಿದರು. ಮುಚ್ಚುಮರೆ ಮಾಡದೆ ಕಲಿಸಿದರು.

ಆಮೇಲೆ ಒಂದು ಸಂಜೆ ಅಣ್ಣನ ಗಂಟಲು ಕಟ್ಟಿತು. ಮಾತೇ ಹೊರಡಲೊಲ್ಲದು. ಟಿಕೆಟ್ಟು ಕೊಟ್ಟಾಗಿದೆ, ಜನ ಕೂತಾಗಿದೆ. ಅಕ್ಕ ನಾನು ಮಾಡುತ್ತೇನೆ ಅಂದರು. ಮಾಲೀಕರು — ಈಗಿನವರ ತಂದೆ — ಒಂದೇ ಷರತ್ತು ಹಾಕಿದರು. ಜನ ಬಂದಿರುವುದು ಅವನನ್ನು ನೋಡೋದಕ್ಕೆ, ಮುಖ ತೋರಿಸಬೇಡ, ಬೆನ್ನು ಕೊಟ್ಟು ನಿಂತು ಮಾಡು. ನಾನು ಆಗ ಹೊಸಬಳು. ಆ ಅಗಲದ ರವಿಕೆಯನ್ನು ಅಕ್ಕನ ಮೈಮೇಲೇ ಪಿನ್ನು ಚುಚ್ಚಿ ಬಿಗಿ ಮಾಡಿದವಳು ನಾನೇ.

ಆ ದೃಶ್ಯ ನಿಮಗೆ ಗೊತ್ತು. ಒಳಗೆ ಸೊಸೆ ಗಡಿಗೆ ಒಡೆಯುತ್ತಾಳೆ. ಅತ್ತೆ ಹೊರಗೆ ನಿಂತಿದ್ದಾಳೆ. ಅಣ್ಣನಾದರೆ ತಿರುಗಿ ಮುಖ ಸೊಟ್ಟ ಮಾಡುತ್ತಿದ್ದರು, ಜನ ನಗುತ್ತಿದ್ದರು. ಅಕ್ಕ ತಿರುಗುವಂತಿಲ್ಲವಲ್ಲ. ಗಡಿಗೆ ಒಡೆದ ಸದ್ದು ಬಂತು. ಅಕ್ಕ ಅಲ್ಲಾಡಲಿಲ್ಲ. ಸುಮ್ಮನೆ — ಹೀಗೆ — ಬೆನ್ನು ಕೊಟ್ಟು — ನಿಂತೇ ಇದ್ದರು. ನಾನು ಒಳಗೆ ದೇವರನ್ನು ನೆನೆಯುತ್ತಿದ್ದೆ, ಮಾತು ಮರೆತುಹೋಯಿತೋ ಅಂತ. ಆಮೇಲೆ ಎಡಗಡೆಯ ಭುಜ ಮಾತ್ರ ಒಂಚೂರು ಮೇಲೆ ಹೋಯಿತು. ಆಮೇಲೆ ಸೊಂಟದ ಬೀಗದ ಕೈ ಗೊಂಚಲು ತಾನಾಗಿಯೇ ನಡುಗುವುದಕ್ಕೆ ಶುರುವಾಯಿತು — ಗಿಲ್, ಗಿಲ್, ಗಿಲ್. ಅಷ್ಟೇ. ಇಡೀ ಸಭೆ ಬಿದ್ದು ಬಿದ್ದು ನಕ್ಕಿತು. ಅಣ್ಣ ಒಳಗೆ ಗಂಟಲಿಲ್ಲದೆ ನಕ್ಕರು, ಬರೀ ಗಾಳಿ ಬಂತು.

ಆ ಊರಿನಲ್ಲಿ ಕಂಪನಿಯ ಕ್ಯಾಂಪು ಇದ್ದಷ್ಟು ದಿನ ಹಾಗೇ ನಡೆಯಿತು. ಜನ ಸೀರೆಯಣ್ಣನೇ ಅಂದುಕೊಂಡು ನಕ್ಕರು. ಹೊಗಳಿದ್ದೂ ಅವರನ್ನೇ. ಅಣ್ಣನಿಗೆ ಅದು ತಡೆಯಲಿಲ್ಲ. ಒಂದು ದಿನ ನಾಟಕ ಮುಗಿದ ಮೇಲೆ ಅಕ್ಕನ ಕೈ ಹಿಡಿದು ಮುಂದೆ ತಂದು ನಿಲ್ಲಿಸಿ, ಒಡಕು ದನಿಯಲ್ಲೇ ಹೇಳಿದರು, "ನಾನಲ್ಲ, ನನ್ನ ತಂಗಿ."

ಮಾರನೆಯ ದಿನ ಅದೇ ಬೆನ್ನು. ಅದೇ ಭುಜ. ಅದೇ ಗೊಂಚಲು. ಒಬ್ಬರೂ ನಗಲಿಲ್ಲ. ನಿನ್ನೆ ಗಂಡಸಿನ ಕಲೆಯಾಗಿದ್ದದ್ದು ಇವತ್ತು ಹೆಂಗಸಿನ ನಡತೆಯ ಪ್ರಶ್ನೆಯಾಗಿಬಿಟ್ಟಿತು. ಮುಂದಿನ ಸಾಲಿನಿಂದ ಒಬ್ಬ ದೊಡ್ಡ ಮನುಷ್ಯ ಎದ್ದು, "ಯಾರ ಮನೆ ಹೆಂಗಸಯ್ಯ ಇದು?" ಅಂದ.

ಅಕ್ಕ ಆಗಲೂ ತಿರುಗಲಿಲ್ಲ. ಬೆನ್ನು ಕೊಟ್ಟೇ ಅಂದರು. "ನಿಮ್ಮ ಮನೇಲೂ ಒಬ್ಬಳು ಅತ್ತೆ ಇದ್ದಾಳಲ್ಲಪ್ಪ. ಹೋಗಿ ಅವಳನ್ನೇ ಕೇಳ್ಕೊಂಡು ಬಾ."

ಮೊದಲು ನಗು ಬಂದದ್ದು ಹೆಂಗಸರು ಕೂತಿದ್ದ ಕಡೆಯಿಂದ. ಆಮೇಲೆ ಎಲ್ಲ ಕಡೆ. ಆ ಮನುಷ್ಯ ಕೂತುಕೊಂಡ. ಆ ದಿನವೇ ನಾನು ಪಿನ್ನು ತೆಗೆದು ರವಿಕೆಗೆ ಗಟ್ಟಿಯಾಗಿ ಹೊಲಿಗೆ ಹಾಕಿದೆ. ಅಣ್ಣ ಆಮೇಲೆ ಗಂಟಲು ಸರಿಯಾದರೂ ಆ ಪಾತ್ರ ವಾಪಸು ಕೇಳಲಿಲ್ಲ.

ಇದು ನಮ್ಮ ಕಂಪನಿಯ ಸಂಪ್ರದಾಯ ಅಲ್ಲವಾ? ಅಕ್ಕ ಮಾಡಿದ್ದು ಅಷ್ಟೂ ವರ್ಷ ಏನು, ಗಂಡಸು ಸಿಗುವವರೆಗೆ ಜಾಗ ಹಿಡಿದುಕೊಂಡಿದ್ದರು ಅಂತಲಾ?

ಆ ಹೊಸ ಹುಡುಗನ ಮೇಲೆ ನನಗೆ ಕೋಪವಿಲ್ಲ. ಒಳ್ಳೆಯ ಹುಡುಗ, ಚೆನ್ನಾಗಿ ಮಾಡುತ್ತಾನೆ. ಅವನಿಗೆ ನಗಿಸುವುದಕ್ಕೆ ಕುಡುಕ ಇದ್ದಾನೆ, ಕಿವುಡ ಇದ್ದಾನೆ, ಜಿಪುಣ ಇದ್ದಾನೆ, ದಡ್ಡ ಪೊಲೀಸಿನವನು ಇದ್ದಾನೆ. ಹೆಂಗಸರಿಗೆ ಇರುವುದು ಒಂದು. ಒಂದೇ ಒಂದು. ಅದನ್ನೂ ಬಿಚ್ಚಿ ಅಗಲ ಮಾಡು ಅಂತೀರಲ್ಲ.

ಮಾಡುವವರು ಇಲ್ಲವೇ ಅಂದರೆ, ಇದ್ದಾಳೆ. ಅಕ್ಕನ ಸೊಸೆ. ನಿಮಗೆಲ್ಲ ಟಿಕೆಟ್ಟು ಕಿಟಕಿಯ ಹಿಂದೆ ಅವಳ ಬೆರಳು ಮಾತ್ರ ಗೊತ್ತು. ಮಂಡಿ ನೋವು ಶುರುವಾದ ಮೇಲೆ ಅಕ್ಕ ಇವಳಿಗೆ ಅಡುಗೆಮನೆಯಲ್ಲೇ ಕಲಿಸಿದರು. ಇವಳು ಒಲೆಯ ಕಡೆ ತಿರುಗಿ ನಿಲ್ಲಬೇಕು, ಅಕ್ಕ ಹಿಂದೆ ಕುರ್ಚಿಯಲ್ಲಿ ಕೂತು ಲೋಟ ನೆಲಕ್ಕೆ ಬೀಳಿಸಬೇಕು. "ಬೇಗ ಎತ್ತಬೇಡ್ವೇ ಭುಜಾನ. ಅವರು ಕಾಯಲಿ. ಕಾಯಿಸಿದಷ್ಟೂ ನಗು ನಿಂದು." ಹಾಲು ಉಕ್ಕಿ ಹರಿದದ್ದು ಎಷ್ಟು ಸಲವೋ.

ಕೊನೆಯ ವಾರ ಅಕ್ಕನಿಗೆ ಮಾತು ನಿಂತಿತ್ತು. ನಾನು ನೋಡುವುದಕ್ಕೆ ಹೋಗಿದ್ದೆ. ಸೊಸೆ ಹಾಸಿಗೆಗೆ ಬೆನ್ನು ಕೊಟ್ಟು ಕಿಟಕಿಯ ಹತ್ತಿರ ನಿಂತಳು. ನಿಂತೇ ಇದ್ದಳು. ನನಗೂ ಕಾಯುವುದು ಕಷ್ಟವಾಯಿತು. ಆಮೇಲೆ ಭುಜ ಎತ್ತಿದಳು — ಅಕ್ಕನ ಹೊಟ್ಟೆ ಕುಲುಕಿತು. ಸದ್ದಿಲ್ಲ, ಆದರೆ ನಗು ಅದು. ದಿಂಬಿನ ಕೆಳಗಿದ್ದ ಬೀಗದ ಕೈ ಗೊಂಚಲು ತೆಗೆದು ಅವಳ ಕೈಗೆ ಹಾಕಿದರು. ಅದರಲ್ಲಿ ಒಂದು ಕೀಲಿಯೂ ಯಾವ ಬೀಗಕ್ಕೂ ಆಗುವುದಿಲ್ಲ, ಎಲ್ಲ ನಾಟಕದ್ದು. ಈಗಲೂ ಅವಳ ಸೊಂಟದಲ್ಲಿದೆ.

ಅವಳ ಗಂಡನನ್ನೂ ಕೇಳಿದ್ದೇನೆ. "ಅವಳಿಗೆ ಇಷ್ಟ ಇದೆ ಚಿಕ್ಕಮ್ಮ, ನಂದೇನು ಅಡ್ಡಿ? ಮಾಲೀಕರು ಒಪ್ಪಬೇಕಲ್ಲ" ಅಂದ.

ಅದನ್ನೇ ಬೆಳಿಗ್ಗೆ ಮ್ಯಾನೇಜರ್ ಕೈಯಲ್ಲಿ ಹೇಳಿ ಕಳಿಸಿದೆ. ಭಾನುವಾರ ಆ ಪಾತ್ರ ಸೊಸೆಗೆ ಕೊಡಿ, ರವಿಕೆಯ ಹೊಲಿಗೆ ನಾನು ಬಿಚ್ಚುವುದಿಲ್ಲ ಅಂತ. ಸಭೆ ಮುಗಿಯಲಿ ನೋಡೋಣ ಅಂದರಂತೆ ಮಾಲೀಕರು. ನನಗೆ ಈ "ನೋಡೋಣ" ಚೆನ್ನಾಗಿ ಗೊತ್ತು. ಸಭೆ ಮುಗಿದರೆ ಕುರ್ಚಿ ಎತ್ತುತ್ತಾರೆ, ಫೋಟೋ ಒಳಗೆ ಹೋಗುತ್ತದೆ, ಭಾನುವಾರ ಬರುತ್ತದೆ.

ಅದಕ್ಕೇ ಸಭೆ ಮುಗಿಯುವುದು ಬೇಡ.

ಎಲ್ಲರೂ ದಯವಿಟ್ಟು ಎದ್ದು ನಿಲ್ಲಿ. ಸೀರೆಯಣ್ಣಾ, ನೀವು ಕೂತೇ ಇರಿ — ಬೇಡ ಅಂದರೂ ಎದ್ದರಲ್ಲ, ಸರಿ. ಅಕ್ಕನ ಆತ್ಮಕ್ಕೆ ಶಾಂತಿ ಸಿಗಲಿ ಅಂತ ದೇವರನ್ನು ಬೇಡಿಕೊಂಡು ಸುಮ್ಮನೆ ನಿಲ್ಲೋಣ. ನಾನು ಫೋಟೋದ ಕಡೆ ತಿರುಗುತ್ತೇನೆ, ನಿಮಗೆ ಬೆನ್ನು ಕಾಣುತ್ತದೆ, ತಪ್ಪು ತಿಳಿಯಬೇಡಿ. ಮಧ್ಯದಲ್ಲಿ ಯಾರಿಗಾದರೂ ನಗು ಬಂದರೆ ತಡೆಯಬೇಡಿ, ಅಕ್ಕ ಬೇಜಾರು ಮಾಡಿಕೊಳ್ಳುವವರಲ್ಲ.

ಮ್ಯಾನೇಜರೇ, ನೀವು ಬಾಗಿಲ ಹತ್ತಿರವೇ ಇದ್ದೀರಿ. ಆಫೀಸಿಗೆ ಹೋಗಿ ನನ್ನ ಮಾತಿಗೆ ಉತ್ತರ ತೆಗೆದುಕೊಂಡು ಬನ್ನಿ. ನೀವು ಬರುವವರೆಗೂ ನಾವು ಯಾರೂ ಕೂರುವುದಿಲ್ಲ.