ಕೊಕ್ಕರೆಗೆ ಕಟ್ಟಿದ ಕಮಾನು

ನಾಳೆ ಬೆಳಿಗ್ಗೆ ನೀವೆಲ್ಲ ಕುಡುಗೋಲು ಹಿಡಿದು, ಹಕ್ಕಿಗಳು ಬರುವ ಕಾಲವಾಯಿತೆಂದು ನಮ್ಮ ಕೆರೆಯನ್ನು ಉದ್ಧಾರ ಮಾಡಲು ಹೊರಟಿದ್ದೀರಂತೆ. ಬಹಳ ಸಂತೋಷ. ಅದಕ್ಕೆ ಮುಂಚೆ ಈ ಮಠದ ಅಂಗಳದಲ್ಲಿ ಕೂತು ನನ್ನದೊಂದು ಕಥೆ ಕೇಳಿಬಿಡಿ.

ಒಂದು ಊರು. ಅಲ್ಲೊಬ್ಬ ಸಾಹುಕಾರ. ಅವನ ತಾಯಿಗೆ ವಯಸ್ಸಾಗಿತ್ತು, ಒಂದೇ ಆಸೆ ಉಳಿದಿತ್ತು. "ಮೊದ್ಲು ನಮ್ ಕೆರೆಗೆ ಕೊಕ್ಕರೆ ಬರ್ತಿದ್ವು ಮಗಾ. ಕಣ್ಣು ಮುಚ್ಚೋದ್ರೊಳಗೆ ಇನ್ನೊಂದ್ಸಲ ನೋಡ್ಬೇಕು ಕಣಪ್ಪಾ" ಅಂದಳು. ಸಾಹುಕಾರನಿಗೆ ತಾಯಿ ಎಂದರೆ ಪ್ರಾಣ. ಮರುದಿನವೇ ಊರಿನ ಸಭೆ ಕರೆದ.

ಮನೆಗೆ ಬೀಗರು ಬರುವಾಗ ನಾವು ಏನು ಮಾಡುತ್ತೇವೆ? ಗುಡಿಸುತ್ತೇವೆ, ಸಾರಿಸುತ್ತೇವೆ, ಸುಣ್ಣ ಬಳಿಯುತ್ತೇವೆ. ನೋಡಿ, ಕೊಕ್ಕರೆಗೂ ಅದನ್ನೇ ಮಾಡಿದರು! ಜೊಂಡು ಕಿತ್ತರು. ಜಾಲಿ ಮರ ಕಡಿದರು. ಕೆಸರು ತೆಗೆದು ಕಲ್ಲು ಹಾಸಿದರು, ಕಲ್ಲಿಗೆ ಸುಣ್ಣ ಬಳಿದರು. ದೊಡ್ಡ ಸ್ವಾಗತ ಕಮಾನು ಕಟ್ಟಿದರು. ಅಲ್ಲ ಸ್ವಾಮೀ, ಕೊಕ್ಕರೆ ಕಮಾನಿನ ಕೆಳಗೆ ನಡೆದುಕೊಂಡು ಬರುತ್ತದೆಯೇ? ಮೈಕಿನವನು ಬೇರೆ, "ಆಗಮಿಸಿದ ಪಕ್ಷಿಗಳೆಲ್ಲ ದಯವಿಟ್ಟು ಊಟ ಮಾಡಿಕೊಂಡೇ ಹೋಗಬೇಕು" ಎಂದು ಕೂಗುತ್ತಿದ್ದ.

ಒಂದು ಮೂಲೆ ಮಾತ್ರ ಹಾಗೇ ಉಳಿದಿತ್ತು. ಅದು ಊರಿನ ಸೋಮಾರಿಯ ಪಾಲಿಗೆ ಬಂದ ಜಾಗ. ನಾಳೆ ಮಾಡಿದರಾಯಿತು ಎಂದು ಮಲಗಿದವನು ಎದ್ದೇ ಇರಲಿಲ್ಲ.

ಕೊಕ್ಕರೆಗಳು ಬಂದವು. ಒಂದು ಸುತ್ತು ಹಾಕಿದವು. ಕಮಾನು ನೋಡಿದವು, ಮೈಕು ಕೇಳಿದವು. ನೇರವಾಗಿ ಹೋಗಿ ಸೋಮಾರಿಯ ಮೂಲೆಗೆ ಇಳಿದವು!

ಸಾಹುಕಾರ ತಾಯಿಯನ್ನು ಕುರ್ಚಿಯಲ್ಲಿ ಹೊರಿಸಿಕೊಂಡು ಅಲ್ಲಿಗೆ ಓಡಿದ. "ಅಷ್ಟೆಲ್ಲಾ ಮಾಡಿದ್ನಲ್ಲವ್ವಾ, ಈ ಕೊಚ್ಚೇಲಿ ಏನೈತೆ ಅಂತ ಬಂದ್ವು?"

ಮುದುಕಿಗೆ ಕಣ್ಣಲ್ಲಿ ನೀರು, ಬಾಯಲ್ಲಿ ಬೈಗುಳ. "ಮೀನೈತೆ, ಕಪ್ಪೆ ಐತೆ, ಗೂಡು ಕಟ್ಟಕ್ಕೆ ಜಾಲಿ ಐತೆ. ಅವು ಬೀಗರಲ್ಲ ಕಣೋ ದಡ್ಡ, ತವರಿಗೆ ಬಂದ ಹೆಣ್ಮಕ್ಳು. ಮಗಳು ಬಾಣಂತನಕ್ಕೆ ಬಂದ್ರೆ ಅವಳ ಕೋಣೆ ಕೆಡವಿ ಕಮಾನು ಕಟ್ತಾರೇನೋ?"

ನಗುತ್ತಿದ್ದೀರಾ? ನಗಿ. ಆದರೆ ಮಠದ ಗೋಡೆಗೆ ಒರಗಿಸಿಟ್ಟಿರುವ ಬಿದಿರು ಯಾತಕ್ಕೆ, ಮುಂದಿನ ಸಾಲಿನ ಯಜಮಾನರೇ? ಕಮಾನಿಗೆ ತಾನೇ? ಅದನ್ನು ನಿಮ್ಮ ಹಿತ್ತಲಿನ ಬೇಲಿಗೆ ಹಾಕಿಕೊಳ್ಳಿ. ನಾಳೆ ಕೆರೆಗೆ ಹೋಗಿ, ಪ್ಲಾಸ್ಟಿಕ್ ಆರಿಸಿ, ಚರಂಡಿ ನೀರು ಬೀಳುವುದನ್ನು ತಡೆಯಿರಿ. ಸೋಮಾರಿಗಳು ಚಪ್ಪಾಳೆ ತಟ್ಟಬೇಡಿ, ಈ ಕೆಲಸ ನಿಮಗೂ ಇದೆ. ಜೊಂಡು ಮುಟ್ಟಬೇಡಿ, ಜಾಲಿ ಮುಟ್ಟಬೇಡಿ. ಮುಂದಿನ ಸಭೆಯಲ್ಲಿ ಯೋಜನೆ ಬರೆಯುವ ಮುಂಚೆ ಒಂದು ವಾರ ದಂಡೆಯ ಮೇಲೆ ಸುಮ್ಮನೆ ಕೂತು, ಯಾವ ಹಕ್ಕಿ ಎಲ್ಲಿ ತಿನ್ನುತ್ತದೆ, ಎಲ್ಲಿ ಮಲಗುತ್ತದೆ ಎಂದು ನೋಡಿ.

ನಾಳೆ ಕೆರೆಗೆ ಹೋಗುವಾಗ ಕುಡುಗೋಲುಗಳನ್ನು ಈ ಮಠದ ಮೆಟ್ಟಿಲ ಮೇಲೆ ಇಟ್ಟು ಹೋಗಿ. ಬಾಣಂತನ ಮುಗಿದು ಮರಿಗಳು ಹಾರಿದ ಮೇಲೆ ಬಂದು ತೆಗೆದುಕೊಂಡು ಹೋಗುವಿರಂತೆ.