ಗೌರಿಯ ಇನ್ನೊಂದು ಹೆಸರು

ಇಳಕಲ್ ಬಸ್ ನಿಲ್ದಾಣದ ಕಂಬದ ಆಚೆ ಬದಿಗೆ ಇಬ್ಬರು ಹೆಂಗಸರು ಕೂತಿದ್ದರು. ಈಚೆ ಬದಿಗೆ ಊರ ಬಸ್ಸಿಗೆ ಕಾಯುತ್ತಿದ್ದ ಗದಿಗೆಪ್ಪ ಮಾಸ್ತರರು ದನಿಯಿಂದಲೇ ಗುರುತು ಹಿಡಿದರು. ಒಬ್ಬಳು ತಮ್ಮೂರ ರಾಮವ್ವ, ಇನ್ನೊಬ್ಬಳು ಅವಳ ಅಕ್ಕ. ಮಾತಾಡಿಸಲು ಎದ್ದವರು, ಅವರ ಮಾತು ಕಿವಿಗೆ ಬಿದ್ದು ಹಾಗೇ ಕೂತರು.

“ನಮ್ಮ ಹುಡುಗಿ ಅನಾಮಿಕಾ ಸಾಲಿಗೆ ಹೋಗಾಂಗಿಲ್ಲ ಅಂತ ಕುಂತಾಳಕ್ಕ.”

“ಯಾಕ?”

“ಸಾಲಿಗೆ ಬಂದ ಹೊಸಾ ಅಕ್ಕೋರು, ಅನಾಮಿಕಾ ಅಂದ್ರ ಹೆಸರಿಲ್ಲದಾಕಿ ಅಂತ ಅರ್ಥಾ ಹೇಳ್ಯಾರ. ಈಗ ಹುಡುಗ್ರೆಲ್ಲ ಹಂಗ ಕರೀತಾವಂತ.”

“ನಿಮ್ಮತ್ತಿ ಹೆಸರಿಡು ಅಂತ ನಾ ಆಗ ಹೇಳಿದ್ನಿ. ಸತ್ಯವ್ವ ಅಂದಿದ್ರ ಯಾರೇನಂತಿದ್ರು?”

“ಮಾಸ್ತರನ್ನ ಕೇಳೇ ಇಟ್ಟೇನಿ. ಗೌರಮ್ಮನ ಇನ್ನೊಂದ್ ಹೆಸರು ಅಂದಿದ್ರು.”

“ಅವ್ರಿಗೇ ಗೊತ್ತಿಲ್ಲದಿದ್ರ?”

“ಗೊತ್ತಿಲ್ಲಂದ್ರ ಗೊತ್ತಿಲ್ಲ ಅಂತಿದ್ರು. ನಮ್ಮಂಥವ್ರಿಗೆ ಸುಳ್ಳು ಹೇಳಿ ಅವ್ರಿಗೇನ್ ಸಿಗತೈತಿ?”

ಮಾಸ್ತರರು ಟವೆಲನ್ನು ತಲೆಯ ಮೇಲೆ ಎಳೆದುಕೊಂಡರು. ಹನ್ನೆರಡು ವರ್ಷದ ಹಿಂದೆ ವಾರಪತ್ರಿಕೆಯ ಪ್ರಶ್ನೋತ್ತರದಲ್ಲಿ, ಗಂಡನ ಮೇಲೆ ದೂರು ಬರೆದವಳೊಬ್ಬಳು ಕೆಳಗೆ ‘ಅನಾಮಿಕಾ, ಬಾದಾಮಿ’ ಎಂದು ಹಾಕಿದ್ದಳು. ಅದು ಆಕೆಯ ಹೆಸರೆಂದೇ ತಿಳಿದು, ರಾಮವ್ವನ ಕೂಸಿಗೆ ಅದನ್ನೇ ಇಡಲು ಅವರು ಹೇಳಿದ್ದರು. ಬಾಣಂತಿ ಅರ್ಥ ಕೇಳಿದಾಗ, ಗೊತ್ತಿಲ್ಲ ಎನ್ನಲು ನಾಲಿಗೆ ಹೊರಳದೆ, ಗೌರಿಯ ಹೆಸರು ಹೇಳಿ ಪಾರಾಗಿದ್ದರು.

“ಈಗೇನ್ ಮಾಡ್ತಿ?”

“ಬಸ್ ಇಳದು ನೆಟ್ಟಗ ಅವರ ಮನಿಗೇ ಹೋಗ್ತೇನಿ. ಅವರು ಸಾಲಿಗೆ ಬಂದು ಒಂದ್ ಮಾತು ಹೇಳಿದ್ರ ಆ ಅಕ್ಕೋರು ತಿದ್ಕೋತಾರ.”

ಬಸ್ಸು ಬಂತು. ಅಕ್ಕತಂಗಿ ಹತ್ತಿದರು. ಊರಿಗೆ ಅವತ್ತು ಅದೇ ಕೊನೆಯ ಬಸ್ಸು. ಮಾಸ್ತರರು ಏಳಲಿಲ್ಲ.