ಗೋಡೆಯ ಮೇಲೆ ಜ್ಞಾನಸ್ನಾನದ ಹೆಸರು

ಎವರಿಸ್ತೋ ತೀರಿಕೊಂಡ ಸುದ್ದಿಯ ಹಾಳೆಯನ್ನು ಅಂದು ಬೆಳಿಗ್ಗೆ ರೋಮಿನ ಟ್ರಾಮ್ ನಿಲ್ದಾಣದ ಗೋಡೆಗೆ ಅಂಟಿಸಿದ್ದರು. ಸಿನಿಮಾ ಹೆಸರು ಬೇಡ, ಹುಟ್ಟಿದಾಗ ಚರ್ಚಿನಲ್ಲಿ ಇಟ್ಟ ಜ್ಞಾನಸ್ನಾನದ ಹೆಸರೇ ಇರಲಿ ಎಂದು ಹಠ ಹಿಡಿದಿದ್ದ ತಂಗಿ ಒರ್ತೆನ್ಸಿಯಾಗೆ, ಈಗ ನಿಲ್ದಾಣದ ಬೆಂಚಿನಲ್ಲಿ ಕೂತು ಅದನ್ನು ನೋಡುತ್ತಿರುವಾಗ, ಮಣ್ಣಿಗೆ ಯಾರೂ ಬರಲಾರರೇನೋ ಎಂಬ ಅಳುಕು ಹುಟ್ಟಿತ್ತು. ಅಷ್ಟರಲ್ಲಿ ಇಬ್ಬರು ಮುದುಕರು ಹಾಳೆಯ ಮುಂದೆ ನಿಂತರು.

“ಯಾರೋ ಇವನು, ಎವರಿಸ್ತೋ ಪಾಂಪಿಲಿ?”

“ಫೋಟೋ ನೋಡೋ ಕುರುಡ. ಕೌಬಾಯ್ ಚಿತ್ರಗಳಲ್ಲಿ ಕುದುರೆಯಿಂದ ಉರುಳಿ ಸಾಯ್ತಿದ್ದನಲ್ಲ!”

“ಟೆಡ್ ಹಾರ್ಲನ್ನಾ? ಅವನು ಅಮೆರಿಕದವನಲ್ವೇನೋ?”

“ಯಾವ ಅಮೆರಿಕ! ಇದೇ ಓಣಿಯವನು. ಆಗ ಇಲ್ಲಿ ತೆಗೀತಿದ್ದ ಕೌಬಾಯ್ ಚಿತ್ರಗಳಲ್ಲಿ ನಟರಿಗೆಲ್ಲ ಅಮೆರಿಕದ ಹೆಸರೇ ಇಡ್ತಿದ್ರು.”

“ಅವನು ಸಾಯೋದನ್ನ ಮೂವತ್ತು ಸಲ ನೋಡಿದೀನಿ ಕಣೋ. ಒಂದು ಸಲಾನೂ ಯಾರೂ ಮಣ್ಣು ಮಾಡ್ಲಿಲ್ಲ.”

“ನಾಯಕನಿಗೆ ಪುರುಸೊತ್ತೆಲ್ಲಿತ್ತು?”

“ನಾಳೆ ಹತ್ತಕ್ಕೆ ಚರ್ಚಲ್ಲಿ ಪೂಜೆ, ಆಮೇಲೆ ಮಣ್ಣಂತೆ. ಈ ಸಲ ನಾವಾದ್ರೂ ಹೋಗೋಣ.”

ಟ್ರಾಮ್ ಬಂತು, ಇಬ್ಬರೂ ಹತ್ತಿ ಹೋದರು. ಒರ್ತೆನ್ಸಿಯಾ ಶಿಲುಬೆಯ ಗುರುತು ಮಾಡಿಕೊಂಡಳು. ಕರ್ತನೇ, ನನ್ನಣ್ಣ ಎವರಿಸ್ತೋಗೆ ನಿತ್ಯ ವಿಶ್ರಾಂತಿಯನ್ನು ದಯಪಾಲಿಸು.